ನಾಲ್ಕನೆಯ ಎಳೆ

ಉಣಕಲ್ಲಿನ ಮನೆಯಲ್ಲಿ ಕುಳಿತಿದ್ದ ಕಸ್ತೂರಿ, ಹುಬ್ಬಳ್ಳಿಯ ಇನ್ನೊಂದು ತುದಿಯ ಕಚೇರಿಯಲ್ಲಿದ್ದ ತಂಗಿಯ ಕೈಯನ್ನು ಮೊದಲ ಸಲ ದೂರದಿಂದ ಮುಟ್ಟಿದಾಗ ಆಡಿದ ಮಾತು, “ಉಗುರು ಬೆಳದಾವು, ಕತ್ತರಿಸ್ಕೋ” ಎಂಬುದು.

ಕಚೇರಿಯಲ್ಲಿ ಸ್ಪೀಕರಿನಿಂದ ಆ ಮಾತು ಕೇಳಿದವರು ಚಪ್ಪಾಳೆ ತಟ್ಟಿದರು. ತಂಗಿ ನೀಲಗಂಗಾ ಮಾತ್ರ ಮೇಜಿನ ಮೇಲಿದ್ದ ಬಟ್ಟೆಯಿಂದ ಕೈ ತೆಗೆಯದೆ ಹಾಗೇ ಕೂತು ಅತ್ತಳು.

ಕಸ್ತೂರಿಗೆ ಹತ್ತನೆಯ ವಯಸ್ಸಿನಲ್ಲಿ ಮೆದುಳು ಜ್ವರ ಬಂದು ಕಣ್ಣು, ಕಿವಿ ಎರಡೂ ಹೋಗಿದ್ದವು. ಬಾಯಿ ಉಳಿದಿತ್ತು. ಆದರೆ ತನ್ನ ದನಿಯನ್ನು ತಾನೇ ಕೇಳಿಸಿಕೊಳ್ಳದೆ ವರ್ಷಗಳು ಕಳೆದು ಅದು ಏರಿಳಿತವಿಲ್ಲದ ದೊಡ್ಡ ದನಿಯಾಗಿತ್ತು. ಹೊಸಬರು ಬೆಚ್ಚಿ ಬೀಳುತ್ತಿದ್ದರು. ಚಿಕ್ಕಂದಿನಲ್ಲೇ ಅಕ್ಕತಂಗಿಯರು ತಮ್ಮದೇ ಒಂದು ಕೈಬರಹ ಮಾಡಿಕೊಂಡಿದ್ದರು. ಬೆರಳಿನ ಒಂದೊಂದು ಗೆಣ್ಣೂ ಒಂದೊಂದು ಅಕ್ಷರ. ಮೆಲ್ಲಗೆ ತಟ್ಟಿದರೆ ಪ್ರಶ್ನೆ, ಬಲವಾಗಿ ಕುಟ್ಟಿದರೆ ಸಿಟ್ಟು, ಉಗುರಿನಿಂದ ಗೀರಿದರೆ ನಗು. ಮುಂದೆ ನೀಲಗಂಗಾ ಎಂಜಿನಿಯರಿಂಗ್ ಓದಿದಳು. ದೂರದಿಂದಲೇ ಈ ಕೈಬರಹ ಕಳಿಸುವುದು ಹೇಗೆ ಎಂಬ ಯೋಚನೆ ಆಕೆಯನ್ನು ಬಿಟ್ಟಿರಲೇ ಇಲ್ಲ.

ಅವಳು ಕೆಲಸಕ್ಕಿದ್ದ ಕಂಪನಿಯ ಹೆಸರು ‘ನಾಲ್ಕೆಳೆ’. ಅಕ್ಷರ, ಚಿತ್ರ, ದನಿ, ಸ್ಪರ್ಶ ಈ ನಾಲ್ಕನ್ನೂ ಜಡೆಯ ಹಾಗೆ ಹೆಣೆದು ಒಂದೇ ಸಂದೇಶ ಮಾಡಿ ಕಳಿಸುವುದು ಅದರ ಕೆಲಸ. ಮೊದಲ ಮೂರು ಎಳೆ ಜಗತ್ತಿಗೆ ಹಳೆಯವು. ನಾಲ್ಕನೆಯದನ್ನು ಕಟ್ಟಿದ್ದು ನೀಲಗಂಗಾಳ ತಂಡ. ಕೈಗವಸು, ಪೆಟ್ಟಿಗೆ ಏನೂ ಇಲ್ಲ. ಕರವಸ್ತ್ರದಷ್ಟು ಅಗಲದ ಒಂದು ಬಟ್ಟೆ. ಅದರ ನೇಯ್ಗೆಯಲ್ಲಿ ಕೂದಲಿಗಿಂತ ತೆಳುವಾದ ತಂತುಗಳಿದ್ದವು. ಸಣ್ಣ ವಿದ್ಯುತ್ತು ಹರಿದರೆ ಅವು ಕುಗ್ಗುತ್ತಿದ್ದವು, ಬೆಚ್ಚಗಾಗುತ್ತಿದ್ದವು, ನಡುಗುತ್ತಿದ್ದವು. ಈ ತುದಿಯ ಬಟ್ಟೆಯನ್ನು ಎಲ್ಲಿ, ಎಷ್ಟು ಒತ್ತಿದರೆ ಆ ತುದಿಯ ಬಟ್ಟೆ ಅಲ್ಲೇ, ಅಷ್ಟೇ, ಅದೇ ಕ್ಷಣ ಒತ್ತುತ್ತಿತ್ತು.

ಜನ ಅದನ್ನು ಬಹಳ ಬೇಗ ತಮ್ಮದು ಮಾಡಿಕೊಂಡರು. ಗಡಿಯಲ್ಲಿದ್ದ ಸೈನಿಕನೊಬ್ಬ ಆಗಷ್ಟೇ ಹುಟ್ಟಿದ ಮಗಳ ಹಿಮ್ಮಡಿ ಸವರಿದ. ಇಳಕಲ್ಲಿನ ಸೀರೆ ಅಂಗಡಿಯವರು ಮುಂಬಯಿಯ ಗಿರಾಕಿಗಳ ಅಂಗೈಗೆ ಸೆರಗಿನ ನಯ ತೋರಿಸಿದರು. ವೈದ್ಯರು ತಾಲ್ಲೂಕಿನಲ್ಲೇ ಕೂತು ಹಳ್ಳಿಯ ಬಸುರಿಯರ ಹೊಟ್ಟೆ ಮುಟ್ಟಿ ನೋಡಿದರು. ಕಸ್ತೂರಿಯಂಥವರಿಗಂತೂ ಇದು ಬಾಗಿಲು ತೆರೆದ ಹಾಗಾಯಿತು. ಕಣ್ಣು ಕಿವಿ ಎರಡೂ ಇಲ್ಲದವರು ಒಂದೊಂದು ಊರಿನಲ್ಲಿ ಒಬ್ಬೊಬ್ಬರಾಗಿ, ಮನೆಯವರ ಬಿಡುವಿಗೆ ಕಾಯುತ್ತ ಕೂತಿದ್ದವರು, ಬಟ್ಟೆಯ ಮೇಲೆ ಒಬ್ಬರನ್ನೊಬ್ಬರು ಕಂಡುಕೊಂಡರು. ಕಸ್ತೂರಿ ಅವರಿಗೆಲ್ಲ ತನ್ನ ಕೈಬರಹ ಕಲಿಸಿದಳು. ವರ್ಷದೊಳಗೆ ಬೀದರದಿಂದ ಕಾರವಾರದ ತನಕ ಆ ಬರಹದಲ್ಲಿ ಚಾಡಿ, ಚೇಷ್ಟೆ, ಅಡುಗೆ, ರಾಜಕೀಯ ಎಲ್ಲವೂ ಓಡಾಡತೊಡಗಿತು.

ಅವರಲ್ಲೊಬ್ಬ ಕೊಪ್ಪಳದ ಖಾಜಾಸಾಬ ನದಾಫ. ಹುಟ್ಟಿನಿಂದ ಕಿವುಡ, ಮೂಕ. ಹರೆಯದಲ್ಲಿ ಕಣ್ಣೂ ಮಸುಕಾಗುತ್ತ ಹೋಗಿ ಆರಿತ್ತು. ಅಣ್ಣನ ಅಂಗಡಿಯಲ್ಲಿ ಹತ್ತಿ ತುಂಬಿ ಗಾದಿ ಹೊಲಿಯುತ್ತಿದ್ದ. ಕಸ್ತೂರಿ ಹೊಲಿಯುತ್ತಿದ್ದದ್ದು ಹಳೆ ಸೀರೆ ತುಂಡುಗಳ ಹೊದಿಕೆ, ಕೌದಿ. ಗಾದಿ ಮೇಲೋ ಕೌದಿ ಮೇಲೋ ಎಂದು ಇಬ್ಬರೂ ದಿನಾ ಜಗಳವಾಡುತ್ತಿದ್ದರು. ಖಾಜಾಸಾಬ ಒರಟ. ಅವನು ಕುಟ್ಟಿದರೆ ಕಸ್ತೂರಿಯ ಅಂಗೈ ಕೆಂಪಾಗುತ್ತಿತ್ತು. ಆಕೆಯೂ ಬಿಡುತ್ತಿರಲಿಲ್ಲ. ಊಟಕ್ಕೆ ಕರೆಯಲು ಬಂದ ನೀಲಗಂಗಾ ಅಕ್ಕನ ಮುಖ ನೋಡಿ ಎಷ್ಟೋ ಸಲ ಸುಮ್ಮನೆ ಹಿಂದಿರುಗಿದ್ದಳು. ಮನೆಯವರು ಕರುಣೆಯಿಂದ ನಡೆಸಿಕೊಂಡಷ್ಟು ದಿನವೂ ಕಸ್ತೂರಿಗೆ ಸಿಗದೇ ಹೋದದ್ದು ಇದೇ ಆಗಿತ್ತು, ಎದುರು ನಿಂತು ಜಗಳವಾಡುವ ಮನುಷ್ಯ.

ಆದರೆ ಬಟ್ಟೆಯ ಮೇಲೆ ಕೆಟ್ಟ ಕೈಗಳೂ ಬಂದವು. ಅಪರಿಚಿತರು ಕಾಲೇಜಿನ ಹುಡುಗಿಯರ ಅಂಗೈ ಚಿವುಟಿದರು, ಹೇಸುವಂತೆ ಸವರಿದರು. ದೂರುಗಳು ರಾಶಿ ಬಿದ್ದವು. ಏನಾದರೂ ಮಾಡಲೇಬೇಕಿತ್ತು, ಅದರಲ್ಲಿ ನೀಲಗಂಗಾಳಿಗೂ ಸಂದೇಹವಿರಲಿಲ್ಲ. ಆಕೆ ಹೇಳಿದ ಉಪಾಯ ಸರಳವಾಗಿತ್ತು. ಬಟ್ಟೆಯ ಒಂದು ಮೂಲೆ ಮಡಚಿದರೆ ಬರುವ ಸ್ಪರ್ಶ ಮೆತ್ತಗಾಗಬೇಕು; ಎರಡು ಮೂಲೆ ಮಡಚಿದರೆ ಆ ಕೈ ಮತ್ತೆಂದೂ ಬರಬಾರದು. ಏನು ಬೇಕು, ಏನು ಬೇಡ ಎಂಬುದು ಮುಟ್ಟಿಸಿಕೊಳ್ಳುವವರ ಕೈಯಲ್ಲಿರಬೇಕು.

ನಿಯಂತ್ರಣ ಕೊಠಡಿಯ ಮುಖ್ಯಸ್ಥ ಸುಧೀಂದ್ರ ಗಲಗಲಿ ಬೇರೆ ದಾರಿ ಹಿಡಿದರು. ಶೋಧನೆ ಬಳಕೆದಾರರ ಬಟ್ಟೆಯಲ್ಲಿ ಬೇಡ, ನಡುವಿನ ಕೇಂದ್ರದಲ್ಲೇ ಆಗಲಿ ಎಂದರು. ಅದಕ್ಕೆ ‘ಹದ’ ಎಂದು ಹೆಸರಿಟ್ಟರು. ಕೇಂದ್ರಕ್ಕೆ ಬಂದ ಪ್ರತಿ ಸ್ಪರ್ಶವನ್ನೂ ಹದ ಅದರ ಜೊತೆಗಿದ್ದ ಮಾತು, ಚಿತ್ರಗಳಿಗೆ ಹೋಲಿಸಿ ನೋಡುತ್ತಿತ್ತು. ಒರಟಾದದ್ದನ್ನು, ನಡುಗುವುದನ್ನು, ಮಾತಿಗೆ ಹೊಂದದ್ದನ್ನು ತೆಗೆದು, ತನ್ನ ಬಳಿಯಿದ್ದ ಹಿತವಾದ ಸ್ಪರ್ಶಗಳಲ್ಲೊಂದನ್ನು ಆ ಜಾಗದಲ್ಲಿ ಇಟ್ಟು ಮುಂದೆ ಕಳಿಸುತ್ತಿತ್ತು. ಕಂಪನಿಗೆ ಇದರಲ್ಲಿ ಇನ್ನೂ ಒಂದು ಅನುಕೂಲವಿತ್ತು. ಇಡೀ ಕೈಯನ್ನು ಹೊರುವ ಬದಲು ಸವರಿಕೆ, ಹಿಡಿತ ಎಂದು ಸ್ಪರ್ಶದ ಹೆಸರನ್ನಷ್ಟೇ ಸಾಗಿಸಿದರೆ ಸಾಕು. ಜಾಲದ ಮೇಲಿನ ಹೊರೆ ಅರ್ಧಕ್ಕಿಂತ ಕಡಿಮೆಯಾಗುತ್ತಿತ್ತು.

ನೀಲಗಂಗಾ ಸಭೆಯಲ್ಲಿ ಅಕ್ಕನಂಥವರ ಪ್ರಶ್ನೆ ಎತ್ತಿದಳು. ಗಲಗಲಿ ಕೆಟ್ಟ ಮನುಷ್ಯರೇನಲ್ಲ, ಸಾವಧಾನವಾಗಿ ಕೇಳಿಸಿಕೊಂಡರು. ಮೆಲ್ಲಗೆ ತಟ್ಟಿದ ಅಕ್ಷರಗಳಿಗೆ ಹದ ಅಡ್ಡ ಬರುವುದಿಲ್ಲ, ಬೇಕಾದರೆ ಪರೀಕ್ಷಿಸಿ ಎಂದರು. ಪರೀಕ್ಷಿಸಿದಾಗ ಅಕ್ಷರಗಳು ಒಂದೂ ತಪ್ಪದೆ ದಾಟಿದವು. ನೀಲಗಂಗಾ ಒಪ್ಪಿದಳು.

ಹದ ಚಾಲೂ ಆದ ದಿನ ಸಂಜೆ ಆಕೆ ಮನೆಗೆ ಬಂದಾಗ ಕಸ್ತೂರಿ ಬಟ್ಟೆಯನ್ನು ಮೂಲೆಗೆಸೆದು ಕೂತಿದ್ದಳು. ನೀಲಗಂಗಾ ಹತ್ತಿರ ಹೋದ ಕೂಡಲೇ ಅವಳ ಕೈ ಎಳೆದುಕೊಂಡು, ಬೆರಳು ಬೆರಳನ್ನೂ ಒತ್ತಿ ನೋಡಿದಳು.

“ಇದು ನಿನ್ನ ಕೈ. ಮಧ್ಯಾಹ್ನ ಬಟ್ಟಿ ಮ್ಯಾಲೆ ಬಂದದ್ದು ಯಾರದು?”

ತನ್ನದೇ ಎಂದು ನೀಲಗಂಗಾ ಬರೆದಳು.

“ಅಲ್ಲ. ಎಲ್ಲಾರ ಕೈನೂ ಒಂದ ಆಗ್ಯಾವು. ಬೀದರದಾಕಿ ಕೈ, ನಿನ್ನ ಕೈ, ಆ ಖಾಜಾನ ಕೈ, ಎಲ್ಲಾ ಮೆತ್ತಗ, ತಂಪಗ. ಸತ್ತೋರು ಮುಟ್ಟಿಧಂಗ ಆಗತೈತಿ.”

ಇದು ರೂಢಿಯಾಗುತ್ತದೆ, ಅಕ್ಷರಗಳೇನೂ ತಪ್ಪುವುದಿಲ್ಲವಲ್ಲ ಎಂದು ನೀಲಗಂಗಾ ಸಮಾಧಾನ ಹೇಳಿದಳು. ಕಸ್ತೂರಿ ಕೈ ಬಿಡಿಸಿಕೊಂಡು ಕೌದಿಯ ತುಂಡುಗಳನ್ನು ಹುಡುಕತೊಡಗಿದಳು.

ಅದಾದ ಕೆಲವು ವಾರಗಳ ಮೇಲೆ, ಒಂದು ಶುಕ್ರವಾರ ಮಧ್ಯಾಹ್ನ, ಕೊಪ್ಪಳದ ಅಂಗಡಿಯಲ್ಲಿ ಖಾಜಾಸಾಬ ಒಬ್ಬನೇ ಇದ್ದ. ಅಣ್ಣ ಶಟರ್ ಎಳೆದು ನಮಾಜಿಗೆ ಹೋಗಿದ್ದ. ಹಿಂದಿನ ಕೋಣೆಯಲ್ಲಿ ವೈರು ಸುಟ್ಟು ಹತ್ತಿಗೆ ಕಿಡಿ ತಾಗಿತು. ಮೂಗಿಗೆ ಹೊಗೆ ಬಡಿದಾಗ ಖಾಜಾಸಾಬ ಬಾಗಿಲಿನ ಕಡೆ ಹೊರಟ. ಬೆಳಿಗ್ಗೆ ಬಂದಿಳಿದ ಹೊಸ ಹತ್ತಿಯ ಮೂಟೆಗಳು ದಾರಿ ಕಟ್ಟಿದ್ದವು. ಅವನಿಗೆ ಕೂಗಲು ಬರುತ್ತಿರಲಿಲ್ಲ. ಸೊಂಟಕ್ಕೆ ಕಟ್ಟಿಕೊಂಡಿದ್ದ ಬಟ್ಟೆಯನ್ನು ಎಳೆದು ಕಸ್ತೂರಿಗೆ ಕುಟ್ಟಿದ: ಹೊಗೆ, ಜನರನ್ನು ಕಳಿಸು. ಮತ್ತೆ ಕುಟ್ಟಿದ. ಕೈ ನಡುಗುತ್ತಿತ್ತು, ಬಲವೆಲ್ಲ ಹಾಕಿ ಕುಟ್ಟುತ್ತಿದ್ದ.

ಉಣಕಲ್ಲಿನಲ್ಲಿ ಕಸ್ತೂರಿಯ ಅಂಗೈಯನ್ನು ಯಾರೋ ಮೃದುವಾಗಿ ಸವರಿದರು. ಮುಟ್ಟುವವರು ಯಾರೆಂದು ತಿಳಿಸುವ ಬಟ್ಟೆಯ ಅಂಚಿನ ಗುರುತು ಅದು ಖಾಜಾನೆಂದು ಹೇಳಿತು. ಆಕೆಗೆ ನಗು ಬಂತು. ಏನಪ್ಪ, ಇವತ್ತು ಪ್ರೀತಿ ಉಕ್ಕಿದೆ ಎಂದು ಕಾಲೆಳೆದು ಬರೆದಳು. ಉತ್ತರಕ್ಕೆ ಮತ್ತೆ ಸವರಿಕೆ, ಮತ್ತೆ ಸವರಿಕೆ, ಅದೇ ಜಾಗದಲ್ಲಿ, ಬಿಡುವಿಲ್ಲದೆ. ಈ ಮನುಷ್ಯ ಯಾರನ್ನೂ ಹೀಗೆ ಸವರಿದವನಲ್ಲ. ಆಕೆ ಗೋಡೆ ಹಿಡಿದು ಅಂಗಳಕ್ಕೆ ಬಂದು ನೆರೆಮನೆಯ ರುಕ್ಮಾಬಾಯಿಯನ್ನು ಕೂಗಿ, ಖಾಜಾನಿಗೆ ಏನೋ ಆಗಿದೆ ಎಂದಳು. ರುಕ್ಮಾಬಾಯಿ ಕೊಪ್ಪಳದ ಪರಿಚಯದವರಿಗೆ ಫೋನ್ ಮಾಡಿ, ಅವರು ಇನ್ನೊಬ್ಬರಿಗೆ ಹೇಳಿ, ಜನ ಓಡಿ ಬರುವಷ್ಟರಲ್ಲಿ ಖಾಜಾಸಾಬ ಮೂಟೆಗಳ ಮೇಲೆ ಹತ್ತಿ ಬಂದು, ಕಾದ ಕಬ್ಬಿಣದ ಶಟರನ್ನು ಎರಡೂ ಕೈಯಿಂದ ಎತ್ತಲು ನೋಡುತ್ತಿದ್ದ. ಹೊರಗಿನವರು ಎತ್ತಿದರು. ಜೀವ ಉಳಿಯಿತು. ಅಂಗೈಗಳು ಉಳಿಯಲಿಲ್ಲ. ಗಾಯ ಮಾಯ್ದರೂ ಅವುಗಳಲ್ಲಿ ಸ್ಪರ್ಶ ಮರಳುವುದಿಲ್ಲ ಎಂದು ವೈದ್ಯರು ಹೇಳಿದರು.

ಮರುದಿನ ನೀಲಗಂಗಾ ನಿಯಂತ್ರಣ ಕೊಠಡಿಯಲ್ಲಿ ಆ ಮಧ್ಯಾಹ್ನದ ದಾಖಲೆಯನ್ನು ತೆರೆಗೆ ತಂದಳು. ಕೇಂದ್ರಕ್ಕೆ ಬಂದದ್ದು ಒಂದು ಗೆರೆಯಲ್ಲಿ, ಕೇಂದ್ರದಿಂದ ಹೋದದ್ದು ಅದರ ಕೆಳಗಿನ ಗೆರೆಯಲ್ಲಿ. ಮೇಲಿನದು ಗರಗಸದ ಹಲ್ಲಿನಂತೆ ಚೂಪು ಚೂಪಾಗಿ ಎದ್ದಿತ್ತು. ಕೆಳಗಿನದು ಕೆರೆಯ ಅಲೆಯಂತೆ ನುಣ್ಣಗಿತ್ತು. ಹದ ತಪ್ಪು ಮಾಡಿರಲಿಲ್ಲ, ಹೇಳಿದ ಕೆಲಸವನ್ನು ಮಾಡಿತ್ತು.

ಗಲಗಲಿ ತೆರೆಯ ಎರಡೂ ಗೆರೆಗಳನ್ನು ಹೋಲಿಸಿ ನೋಡಿದರು. ಆಮೇಲೆ, ಇದು ದುಃಖದ ಸಂಗತಿ, ಅಂಗವಿಕಲರ ಪ್ರಮಾಣಪತ್ರ ಇದ್ದವರಿಗೆ ಹದದಿಂದ ವಿನಾಯಿತಿ ಕೊಡೋಣ, ಅರ್ಜಿ ಹಾಕಲಿ, ಪರಿಶೀಲಿಸಿ ಅನುಮತಿ ಕೊಡುತ್ತೇವೆ ಎಂದರು. ನೀಲಗಂಗಾಳಿಗೆ ಅದು ಆಗ ದೊಡ್ಡ ಗೆಲುವಾಗಿಯೇ ಕಂಡಿತು. ಮನೆಗೆ ಬಂದು ಅಕ್ಕನ ಕೈಯಲ್ಲಿ ಬರೆದಳು.

ಕಸ್ತೂರಿ ಕೊನೆಯ ಅಕ್ಷರದ ತನಕ ಕಾದಳು. “ನಾ ಅರ್ಜಿ ಹಾಕೂದಿಲ್ಲ” ಎಂದಳು.

ಯಾಕೆ ಎಂದು ನೀಲಗಂಗಾ ಕೇಳಿದಳು.

“ಸಿಟ್ಟು ಮಾಡಾಕ ಅನುಮತಿ ಬೇಕೇನು ನನಗ? ಅವರು ಬ್ಯಾಡ ಅಂದ ದಿವಸ ಮತ್ತ ಸವರತಾರ. ಕಣ್ಣಿದ್ದೋರಿಗೂ ಹಿಂಗ ಆಗಿರಬೇಕು ನೀಲಾ. ಅವರಿಗೆ ಗೊತ್ತಾಗಿಲ್ಲ, ಅಷ್ಟ. ಹುಡುಕು.”

ನೀಲಗಂಗಾ ಹುಡುಕಿದಳು. ಸಂದೇಶದ ಮಾತುಗಳನ್ನು ಓದುವ ಅಧಿಕಾರ ಆಕೆಗಿರಲಿಲ್ಲ. ಆದರೆ ಮಾತು ಒಂದು ಹೇಳಿ ಕೈ ಇನ್ನೊಂದು ಹೇಳಿದ್ದರಿಂದ ಹದ ಬದಲಿಸಿದ ಸಂದೇಶಗಳು ಎಷ್ಟಿವೆ ಎಂಬುದು ಕಾಣುತ್ತಿತ್ತು. ಅವು ನೂರಾರಲ್ಲ, ಲಕ್ಷಗಟ್ಟಲೆ ಇದ್ದವು. ಆಕೆ ಬಳಕೆದಾರರ ಸಭೆಗಳಿಗೆ ಹೋಗಿ ಕೇಳತೊಡಗಿದಳು. ಲಕ್ಷ್ಮೇಶ್ವರದ ತಾಯಿಯೊಬ್ಬಳು ಎದ್ದು ನಿಂತಳು. ಅವಳ ಮಗಳು ಗಂಡನ ಮನೆಯಿಂದ ದಿನಾ ಸಂದೇಶ ಕಳಿಸುತ್ತಿದ್ದಳು. ಆರಾಮ ಇದ್ದೇನೆ ಎಂಬ ಮಾತು, ನಗುವ ಫೋಟೋ, ಮತ್ತು ಮೆತ್ತಗಿನ ಒಂದು ಕೈಹಿಡಿತ. ಒಂದು ದಿನ ಮಗಳು ಮುರಿದ ಪಕ್ಕೆಲುಬಿನೊಂದಿಗೆ ಓಡಿಬಂದಳು. ಗಂಡ ಪಕ್ಕದಲ್ಲೇ ಕೂತು ಬರೆಸುತ್ತಿದ್ದನಂತೆ. ಅವನಿಗೆ ಕಾಣದಂತೆ ಬಟ್ಟೆಯನ್ನು ಮುಷ್ಟಿಯಲ್ಲಿ ಹಿಂಡಿ ಹಿಂಡಿ ಹೇಳಿದೆ, ನಿನಗೆ ತಿಳಿಯಲಿಲ್ಲವೇನವ್ವ ಎಂದು ಮಗಳು ಕೇಳಿದ್ದಳು.

ಇಂಥವರೆಲ್ಲ ಸೇರಿ ಕೊಟ್ಟ ದೂರು ಸರ್ಕಾರದ ವಿಚಾರಣಾ ಸಮಿತಿಯ ಮುಂದೆ ಹೋಯಿತು. ನೀಲಗಂಗಾ ಇನ್ನೂ ಕಂಪನಿಯ ನೌಕರಳೇ ಆಗಿದ್ದಳು. ಸಾಕ್ಷಿ ಹೇಳಿದರೆ ಕೆಲಸ ಹೋಗುತ್ತದೆಂದು ಗೆಳೆಯರು ಎಚ್ಚರಿಸಿದ್ದರು. ವಿಚಾರಣೆಯ ದಿನ ಆಕೆ ಅಕ್ಕನನ್ನು ಕರೆದುಕೊಂಡು ಮುಂದಿನ ಸಾಲಿನಲ್ಲೇ ಕೂತಳು.

ಕಂಪನಿಯ ವಕೀಲರು ಚೆನ್ನಾಗಿ ಮಾತಾಡಿದರು. ಹದ ಬಂದ ಮೇಲೆ ಕಿರುಕುಳದ ದೂರುಗಳು ನಿಂತೇ ಹೋಗಿವೆ ಎಂದರು. ಅದು ನಿಜವೂ ಆಗಿತ್ತು. ಅವರು ಕೂತ ಮೇಲೆ ಕಸ್ತೂರಿ ಸಮಿತಿಯ ಅಧ್ಯಕ್ಷೆಯನ್ನು ಒಂದೇ ಒಂದು ವಿಷಯ ಕೇಳಿಕೊಂಡಳು: ಬಟ್ಟೆಯ ಮೇಲೆ ಕೈ ಇಡಬೇಕು.

ಅಧ್ಯಕ್ಷೆ ನಿವೃತ್ತ ನ್ಯಾಯಾಧೀಶೆ. ಕನ್ನಡಕ ತೆಗೆದು ಕೈ ಇಟ್ಟರು. ಕೋಣೆಯ ಇನ್ನೊಂದು ತುದಿಯಲ್ಲಿ ಕಸ್ತೂರಿ ತನ್ನ ಬಟ್ಟೆಯನ್ನು ಮೇಜಿನ ಮೇಲೆ ಹಾಸಿ ಎರಡೂ ಮುಷ್ಟಿಯಿಂದ ಗುದ್ದತೊಡಗಿದಳು. ಮೇಜಿನ ಮೇಲಿದ್ದ ಲೋಟ ಉರುಳಿ ಬಿತ್ತು. ಅಧ್ಯಕ್ಷೆಯ ಮುಖದಲ್ಲಿ ಮಾತ್ರ ತಾನಾಗಿ ಒಂದು ಮುಗುಳ್ನಗೆ ಹರಡಿತು, ಬೆಕ್ಕಿನ ಮರಿ ಅಂಗೈಗೆ ತಲೆ ಉಜ್ಜಿದಾಗ ಬರುವಂಥದು. ಆ ನಗುವನ್ನು ಎಲ್ಲರೂ ನೋಡಿದರು. ಅಧ್ಯಕ್ಷೆಗೂ ಅದರ ಅರಿವಾಗಿ ಮುಖ ಬಿಗಿದುಕೊಂಡರು.

ನೀಲಗಂಗಾ ಎದ್ದಳು. ಚೀಲದಿಂದ ಒಂದು ತಂತಿ ತೆಗೆದು ಎರಡೂ ಬಟ್ಟೆಗಳನ್ನು ನೇರವಾಗಿ ಜೋಡಿಸಿದಳು. ನಡುವೆ ಈಗ ಕೇಂದ್ರವಿಲ್ಲ, ಹದವಿಲ್ಲ. ಕಂಪನಿಯ ಅನುಮತಿಯಿಲ್ಲದೆ ಇದನ್ನು ಮಾಡುವಂತಿಲ್ಲ ಎಂದು ವಕೀಲರು ಎದ್ದು ನಿಂತರು. ಗಲಗಲಿ ಹಿಂದಿನ ಸಾಲಿನಿಂದ ಆಕೆಯ ಹೆಸರು ಹಿಡಿದು ಕರೆದರು. ನೀಲಗಂಗಾ ತಿರುಗಿ ನೋಡಲಿಲ್ಲ. ಅಧ್ಯಕ್ಷೆ ನಕ್ಕದ್ದನ್ನು ಅಕ್ಕನ ಕೈಯಲ್ಲಿ ಬರೆದು, ಹೆಗಲನ್ನು ತಟ್ಟಿದಳು.

ಕಸ್ತೂರಿ ಈ ಸಲ ಒಂದೇ ಗುದ್ದು ಗುದ್ದಿದಳು. ಅಧ್ಯಕ್ಷೆ ಕುರ್ಚಿ ಹಿಂದೆ ಸರಿಯುವಂತೆ ಕೈ ಎಳೆದುಕೊಂಡರು.

“ಎರಡೂ ಸಲ ನಾ ಹೇಳಿದ್ದು ಒಂದ ಮಾತು” ಎಂದಳು ಕಸ್ತೂರಿ, ತನ್ನ ಏರಿಳಿತವಿಲ್ಲದ ದನಿಯಲ್ಲಿ. “ಖಾಜಾ ಸಾಯಾಕ ಹತ್ತಿದ್ದಾಗ ನಾನೂ ನಿಮ್ಮಂಗ ನಕ್ಕೇನಿ. ಕೆಟ್ಟ ಕೈ ಬಂದ್ರ ದೂಡಾಕ ನಮಗೂ ಕೈ ಅದಾವು. ನಮ್ಮ ಬದಲಿ ನೀವು ದೂಡಬ್ಯಾಡ್ರಿ.”

ಸಮಿತಿ ಎಲ್ಲವನ್ನೂ ಬರೆದುಕೊಂಡಿತು. ತಿಂಗಳುಗಳ ಮೇಲೆ ಆದೇಶ ಬಂತು: ವಿಷಯ ಗಂಭೀರವಾದುದು, ತಜ್ಞರಿಂದ ಇನ್ನಷ್ಟು ಅಧ್ಯಯನವಾಗಲಿ, ಅಲ್ಲಿಯವರೆಗೆ ಹದ ಮುಂದುವರಿಯಲಿ. ಅಷ್ಟರಲ್ಲಿ ನೀಲಗಂಗಾಳ ಕೆಲಸ ಹೋಗಿತ್ತು. ಆಕೆ ಅಕ್ಕನಿಗೆ ಆದೇಶವನ್ನು ಬರೆದು ಹೇಳುವಾಗ ಬೆರಳುಗಳು ಸೋತಿದ್ದವು. ಕಸ್ತೂರಿ ಕೇಳಿದ್ದು, ನಡುವಿನ ಕೇಂದ್ರವನ್ನು ನಾವೇ ಕಟ್ಟಲು ಎಷ್ಟು ಜಾಗ ಬೇಕು ಎಂದು.

ಒಂದು ಕೋಣೆ ಸಾಕಾಗಿತ್ತು. ಖಾಜಾಸಾಬನ ಅಣ್ಣ ಅಂಗಡಿಯನ್ನು ಮತ್ತೆ ಕಟ್ಟಿಸುವಾಗ ಹಿಂದಿನ ಕೋಣೆಯನ್ನು ಬಿಟ್ಟುಕೊಟ್ಟ. ಕೆಲಸ ಬಿಟ್ಟ ಇಬ್ಬರು ಸಹೋದ್ಯೋಗಿಗಳು ನೀಲಗಂಗಾಳ ಜೊತೆ ಸೇರಿದರು. ಅವರ ಕೇಂದ್ರ ಯಾವ ಸ್ಪರ್ಶವನ್ನೂ ಓದುತ್ತಿರಲಿಲ್ಲ, ಬಂದದ್ದನ್ನು ಬಂದಂತೆ ದಾಟಿಸುತ್ತಿತ್ತು. ಮೆತ್ತಗಾಗಿಸಲು ಒಂದು ಮೂಲೆ, ಹೊರಗಟ್ಟಲು ಎರಡು ಮೂಲೆ.

ಖಾಜಾಸಾಬ ಆಸ್ಪತ್ರೆಯಿಂದ ಬಂದ ಮೇಲೆ ಗೋಡೆಗೆ ಮುಖ ಮಾಡಿ ಮಲಗಿಬಿಟ್ಟಿದ್ದ. ಅಂಗೈ ಹೋದ ಮೇಲೆ ಅವನ ಪಾಲಿಗೆ ಲೋಕವೇ ಮುಚ್ಚಿಹೋಗಿತ್ತು. ಅಣ್ಣ ಭುಜ ಮುಟ್ಟಿದರೆ ಕೊಡವಿಕೊಳ್ಳುತ್ತಿದ್ದ. ಕಸ್ತೂರಿ ಕೊಪ್ಪಳಕ್ಕೆ ಬಂದವಳು ತಡವರಿಸಿ ಅವನ ಹಾಸಿಗೆಯ ಬಳಿ ಕೂತು, ಅಂಗಿಯನ್ನು ಮೇಲೆ ಸರಿಸಿ, ಬೆನ್ನ ಮೇಲೆ ದೊಡ್ಡ ಬಟ್ಟೆಯೊಂದನ್ನು ಹಾಸಿದಳು. ದೂರದವರ ಕೈಯೂ ಬೆನ್ನಿಗೆ ತಲುಪಲೆಂದು ನೀಲಗಂಗಾ ಅದನ್ನು ಅವನಿಗೆಂದೇ ನೇಯಿಸಿದ್ದಳು. ಕಸ್ತೂರಿ ಬೆನ್ನೆಲುಬಿನ ಗಂಟುಗಳನ್ನು ಬೆರಳ ಗೆಣ್ಣುಗಳೆಂದು ಲೆಕ್ಕ ಹಿಡಿದು ನಿಧಾನವಾಗಿ ಬರೆದಳು. ಅವನು ಮೊದಲು ಅಲುಗಾಡಲಿಲ್ಲ. ಆಕೆ ಮತ್ತೆ ಬರೆದಳು. ಮೂರನೆಯ ಸಲ, ಗಾದಿ ಹೊಲಿಯುವವರು ಸೋಮಾರಿಗಳು ಎಂದು ಬರೆದು, ಕೊನೆಯಲ್ಲಿ ಬಲವಾಗಿ ಕುಟ್ಟಿದಳು. ಖಾಜಾಸಾಬನ ಬೆನ್ನು ನಡುಗಿತು. ಅವನು ಹೊರಳಿ, ಮೊಣಕೈಯಿಂದ ಅವಳ ತೋಳಿಗೆ ಒಂದು ತಿವಿತ ತಿವಿದ. ಅವನು ಅಳುತ್ತಿದ್ದನೆಂದು ಆಮೇಲೆ ನೀಲಗಂಗಾ ಹೇಳಿದಾಗ ಕಸ್ತೂರಿ, ಗೊತ್ತು, ಮೊಣಕೈ ಹೇಳಿತು ಎಂದಳು.

ಜನ ಬಂದರು. ಮೊದಲು ಕಣ್ಣು ಕಿವಿ ಇಲ್ಲದವರು, ಆಮೇಲೆ ಇದ್ದವರು. ಲಕ್ಷ್ಮೇಶ್ವರದ ತಾಯಿ ಮಗಳು ಬಂದರು. ಗಡಿಯ ಸೈನಿಕರ ಹೆಂಡತಿಯರು ಬಂದರು. ಎರಡು ಮೂಲೆ ಮಡಚುವುದನ್ನು ಕಲಿತ ಮೇಲೆ ಕಾಲೇಜಿನ ಹುಡುಗಿಯರೂ ಬಂದರು. ಕೆಟ್ಟ ಕೈಗಳು ಪೂರಾ ನಿಲ್ಲಲಿಲ್ಲ. ಆದರೆ ಅವಕ್ಕೆ ಒಂದು ಸಲಕ್ಕಿಂತ ಹೆಚ್ಚು ಅವಕಾಶ ಸಿಗಲಿಲ್ಲ.

ವರ್ಷ ತುಂಬುವ ಮೊದಲೇ ನೋಟಿಸು ಬಂತು. ಪರವಾನಗಿ ಇಲ್ಲದ ಸ್ಪರ್ಶಕೇಂದ್ರವನ್ನು ಕೂಡಲೇ ಮುಚ್ಚಬೇಕು, ಇಲ್ಲವಾದರೆ ಅಧಿಕಾರಿಗಳು ಬಂದು ಬೀಗ ಹಾಕುತ್ತಾರೆ ಎಂದು. ಸಹೋದ್ಯೋಗಿಗಳಲ್ಲೊಬ್ಬ ಸ್ವಲ್ಪ ದಿನ ನಿಲ್ಲಿಸೋಣವೇ ಎಂದು ಕೇಳಿದ. ನೀಲಗಂಗಾ ನೋಟಿಸನ್ನು ಇದ್ದದ್ದು ಇದ್ದಂತೆ ಅಕ್ಕನ ಅಂಗೈಯಲ್ಲಿ ಬರೆದಳು. ಕಸ್ತೂರಿ ಅದೇ ಹೊತ್ತಿಗೆ ಇನ್ನೊಂದು ಕೈಯಿಂದ ಖಾಜಾಸಾಬನ ಬೆನ್ನಿನ ಮೇಲೆ ಅದನ್ನು ದಾಟಿಸುತ್ತಿದ್ದಳು. ಓದಿ ಮುಗಿದಾಗ ಖಾಜಾಸಾಬ ತಲೆಯಾಡಿಸಿ, ಎದ್ದು, ತಾವಿಬ್ಬರೂ ಅಡ್ಡ ಕೂರಲು ಬಾಗಿಲ ಬಳಿ ಎರಡು ಹೊಸ ಗಾದಿಗಳನ್ನು ಕಾಲಿನಿಂದ ಸರಿಸಿ ಹಾಸಿದ.

ಏನೆಂದು ಉತ್ತರ ಬರೆಯಲಿ ಎಂದು ನೀಲಗಂಗಾ ಕೇಳಿದಳು.

“ಬರ್ರಿ ಅಂತ ಬರಿ” ಎಂದಳು ಕಸ್ತೂರಿ. “ನನ್ನ ಇಲ್ಲಿಂದ ಎಬ್ಬಸಬೇಕಂದ್ರ ಯಾರರೆ ನನ್ನ ಕೈ ಹಿಡೀಬೇಕಲ್ಲ. ಹಿಡೀಲಿ. ಕೈ ಸಿಕ್ಕರ ನಾ ಮಾತಾಡತೀನಿ.”